ಅಕ್ಷರಬಾಕ, ಅರ್ಥಬಾಕ

ಪುಸ್ತಕ ತಿನ್ನುವ ಹುಳಕ್ಕೆ ಪುಸ್ತಕದ ರುಚಿ ಗೊತ್ತಿಲ್ಲ. ಹಳೇ ಪುಸ್ತಕ ಬಿಡಿಸಿದಾಗ ಸರ್ರನೆ ಜಾರಿಕೊಳ್ಳುವ ಬೆಳ್ಳಿ ಬಣ್ಣದ ಹುಳ ಇದೆಯಲ್ಲ, ಅದಕ್ಕೆ ಬೇಕಿರುವುದು ಬೆನ್ನಿಗೆ ಬಳಿದ ಅಂಟು, ಕಾಗದದೊಳಗಿನ ಗಂಜಿ. ಮಹಾಕಾವ್ಯವೂ ಒಂದೇ, ಬಡ್ಡಿ ಲೆಕ್ಕದ ಪುಸ್ತಕವೂ ಒಂದೇ. ಇಂಗ್ಲೆಂಡಿನ ಎಕ್ಸೆಟರ್ ಕೆಥೆಡ್ರಲ್‌ನಲ್ಲಿ 10ನೇ ಶತಮಾನದ ಒಂದು ಕೈಬರಹದ ಹೊತ್ತಿಗೆ ಇದೆ. ಅದರ ಒಗಟೊಂದು ಇಂಥದ್ದೇ ಹುಳವನ್ನು ಕೆಣಕುತ್ತದೆ: ಕತ್ತಲಲ್ಲಿ ಬಂದ ಕಳ್ಳ ಯಾರದೋ ಮಾತನ್ನು ನುಂಗಿದ, ನುಂಗಿದ್ದಕ್ಕೆ ಒಂದು ಚೂರೂ ಜಾಣನಾಗಲಿಲ್ಲ. ಪಾಪ, ಹುಳ ಏನು ಮಾಡೀತು!

ನನಗೆ ಕುತೂಹಲ ಇರುವುದು ಕಾಗದ ಬಿಟ್ಟು ಮಾತನ್ನೇ ತಿಂದು ಬದುಕುವ ಜೀವಿಗಳ ಬಗ್ಗೆ. ಅಂಥವು ಇಲ್ಲವೇ ಇಲ್ಲ, ನಿಜ. ಹಾಗಂತ ಅವುಗಳ ಊಟ ತಿಂಡಿ ವಿಚಾರಿಸಬಾರದು ಅಂತೇನೂ ಇಲ್ಲವಲ್ಲ.

ಇವುಗಳಲ್ಲಿ ತುಂಬಾ ಹಳೆಯದಕ್ಕೆ ಹೆಸರೂ ಇದೆ. ಟಿಟಿವಿಲ್ಲಸ್. ಮಧ್ಯಯುಗದ ಯುರೋಪಿನ ಪುಡಿ ದೆವ್ವ. 1285ರ ಸುಮಾರಿನ ಲ್ಯಾಟಿನ್ ಬರಹವೊಂದರಲ್ಲಿ ಇವನ ಹೆಸರು ಸಿಗುತ್ತದೆ. ಹತ್ತಿರ ಒಂದು ಚೀಲ ಇರುತ್ತದೆ. ಪಾದ್ರಿಗಳು ಪ್ರಾರ್ಥನೆ ಹೇಳುವಾಗ, ಬೇಗ ಮುಗಿದರೆ ಸಾಕು ಅಂತ, ನಡುನಡುವೆ ಅಕ್ಷರ ನುಂಗುತ್ತಾರೆ. ಹಾಗೆ ಉದುರಿದ ಚೂರುಗಳನ್ನು ಆಯ್ದು ಚೀಲಕ್ಕೆ ತುಂಬುವುದು ಇವನ ಕೆಲಸ. ಕೊನೆಯ ತೀರ್ಪಿನ ದಿನ ಚೀಲ ಬಿಚ್ಚಿ, ನೋಡಿ ಸ್ವಾಮಿ, ತಾವು ನುಂಗಿದ್ದು ಇಷ್ಟು, ಅಂತ ಲೆಕ್ಕ ಒಪ್ಪಿಸುತ್ತಾನೆ. ಅಂದರೆ ಇವನದು ಬರೀ ಗುಮಾಸ್ತಿಕೆ. ಅಕ್ಷರಬಾಕರು ಮನುಷ್ಯರೇ. 1470ರ ಸುಮಾರಿನ ಇಂಗ್ಲಿಷ್ ನಾಟಕವೊಂದರಲ್ಲಿ ಇವನು ರಂಗಕ್ಕೂ ಬರುತ್ತಾನೆ. ಸುಮ್ನೆ ಬರುವುದಿಲ್ಲ. ಇವನನ್ನು ತೋರಿಸುವ ಮುಂಚೆ ಪಾತ್ರಧಾರಿಗಳು ಆಟ ನಿಲ್ಲಿಸಿ ಪ್ರೇಕ್ಷಕರಿಂದ ದುಡ್ಡು ಎತ್ತುತ್ತಾರೆ. ದೇವರ ಮಾತು ಕದಿಯುವವನನ್ನು ನೋಡಲು ಜನ ಕಾಸು ಬಿಚ್ಚುತ್ತಾರೆ ಅನ್ನುವುದು ಅವರಿಗೆ ಚೆನ್ನಾಗಿ ಗೊತ್ತಿತ್ತು!

ಇನ್ನೊಂದು ಜಾತಿ ಪದವನ್ನು ಇಡಿಯಾಗಿ ನುಂಗಿ ಸಿಪ್ಪೆ ಉಗಿಯುತ್ತದೆ. ವಾಸ ನಾಲಿಗೆಯ ತುದಿ. 1966ರಲ್ಲಿ ಮನಶ್ಶಾಸ್ತ್ರಜ್ಞರಾದ ರೋಜರ್ ಬ್ರೌನ್ ಮತ್ತು ಡೇವಿಡ್ ಮೆಕ್‌ನೀಲ್ ಇದರ ಹೆಜ್ಜೆ ಗುರುತು ಹಿಡಿದರು. ವಿದ್ಯಾರ್ಥಿಗಳಿಗೆ ಅಪರೂಪದ ಪದಗಳ ಅರ್ಥವನ್ನಷ್ಟೇ ಓದಿ ಹೇಳಿದರು. ಪದ ಯಾವುದು? ಗೊತ್ತು, ಆದರೆ ಬರುತ್ತಿಲ್ಲ ಅನ್ನುವ ಸಂಕಟದಲ್ಲಿದ್ದವರು ಕೂಡ ಎಷ್ಟೋ ಸಲ ಮೊದಲ ಅಕ್ಷರ ಸರಿಯಾಗಿ ಹೇಳಿದರು, ಪದ ಎಷ್ಟುದ್ದ ಇದೆ ಅಂತಲೂ ಹೇಳಿದರು. ಈ ಪ್ರಾಣಿಗೆ ಕದ್ದದ್ದನ್ನು ನಡುರಾತ್ರಿ ವಾಪಸ್ ತಂದಿಡುವ ಚಟವೂ ಇದೆ, ಅಲ್ವಾ? ನಿದ್ದೆ ಕೆಡಿಸುವುದು ಬಿಟ್ಟರೆ ಇದರಿಂದ ತೊಂದರೆ ಇಲ್ಲ.

ಭಯ ಪಡಬೇಕಾದದ್ದು ಅರ್ಥಬಾಕನಿಗೆ. ಇದು ಪದವನ್ನು ಮುಟ್ಟುವುದೇ ಇಲ್ಲ. ಕಾಗುಣಿತ, ಒತ್ತು, ದೀರ್ಘ ಎಲ್ಲ ಇದ್ದಲ್ಲೇ ಇರುತ್ತವೆ. ಒಳಗಿನದು ಮಾತ್ರ ಖಾಲಿ. ಆನೆ ನುಂಗಿದ ಬೇಲದ ಹಣ್ಣು ಅನ್ನುತ್ತಾರಲ್ಲ, ಹಾಗೆ.

ಇದನ್ನು ಕರೆಯುವುದು ಸುಲಭ. 'ಬಾಗಿಲು' ಅಂತ ಬಿಡದೆ ಹೇಳುತ್ತಾ ಹೋಗಿ. ಬಾಗಿಲು, ಬಾಗಿಲು, ಬಾಗಿಲು. ಮೊದಮೊದಲು ಮರ, ಚಿಲಕ, ಕೀಲಿನ ಕಿರ್ ಸದ್ದು ಎಲ್ಲ ಕಣ್ಣ ಮುಂದೆ ಇರುತ್ತವೆ. ಆಮೇಲೆ ಚಿಲಕ ಹೋಗುತ್ತದೆ. ಮರ ಹೋಗುತ್ತದೆ. ಇನ್ನೂ ಸ್ವಲ್ಪ ಹೊತ್ತಿಗೆ ಗಿಲುಬಾ, ಗಿಲುಬಾ, ಗಿಲುಬಾ. ತುಟಿ ಕೂಡಿ, ಬಾಯಿ ತೆರೆದು, ನಾಲಿಗೆ ಹಿಂದೊಮ್ಮೆ, ಮುಂದೊಮ್ಮೆ ಮೇಲೇಳುವ ಕಸರತ್ತು ಮಾತ್ರ ಉಳಿಯುತ್ತದೆ. ಇದರಿಂದ ಯಾರಾದರೂ ಒಳಗೆ ಬರುತ್ತಿದ್ದರು, ಹೊರಗೆ ಹೋಗುತ್ತಿದ್ದರು ಅಂದರೆ ನಂಬುವುದು ಕಷ್ಟ.

1907ರಲ್ಲಿ ಎಲಿಜಬೆತ್ ಸೆವೆರೆನ್ಸ್ ಮತ್ತು ಮನಶ್ಶಾಸ್ತ್ರಜ್ಞೆ ಮಾರ್ಗರೆಟ್ ವಾಶ್‌ಬರ್ನ್ ಇದನ್ನು ಕಣ್ಣಿನ ದಾರಿಯಿಂದ ಪರೀಕ್ಷಿಸಿದರು. ಒಂದೇ ಪದವನ್ನು ದಿಟ್ಟಿಸುತ್ತಾ ಕೂರಿಸಿದರೆ, ನೋಡನೋಡುತ್ತಿದ್ದಂತೆ ಪದ ಅಪರಿಚಿತವಾಗುತ್ತದೆ. ವಾಶ್‌ಬರ್ನ್ ಮರುವರ್ಷವೇ ಪ್ರಾಣಿಗಳ ಮನಸ್ಸಿನ ಬಗ್ಗೆ ಪುಸ್ತಕ ತಂದವರು. ಈ ಪ್ರಾಣಿಗೆ ಅದರಲ್ಲೊಂದು ಅಧ್ಯಾಯ ಕೊಡಬಹುದಿತ್ತು.

ಪ್ರಯೋಗದಲ್ಲಿ ಖಾಲಿಯಾದ ಪದ ಸ್ವಲ್ಪ ಹೊತ್ತು ಬಿಟ್ಟರೆ ಮತ್ತೆ ತುಂಬಿಕೊಳ್ಳುತ್ತದೆ. ಬಾಗಿಲು ಬಾಗಿಲೇ ಆಗುತ್ತದೆ. ಆದರೆ ಬಿಡುವೇ ಸಿಗದ ಪದಗಳ ಗತಿ? 'ನಿಮ್ಮ ಕರೆ ನಮಗೆ ಬಹಳ ಮುಖ್ಯ' ಅನ್ನುವ ಧ್ವನಿಯನ್ನು ಹತ್ತು ನಿಮಿಷ ಕೇಳಿಸಿಕೊಳ್ಳಿ. ಆ 'ಮುಖ್ಯ'ದ ಒಳಗೆ ಬೆರಳು ಹಾಕಿ ತಡಕಿದರೂ ಏನೂ ಸಿಗುವುದಿಲ್ಲ. 'ಸೂಕ್ತ ಕ್ರಮ ಕೈಗೊಳ್ಳಲಾಗುವುದು' ಅನ್ನುವುದರಲ್ಲಿ ಸೂಕ್ತವೂ ಇಲ್ಲ, ಕ್ರಮವೂ ಇಲ್ಲ, ಕೈಯಂತೂ ಮೊದಲೇ ಇರಲಿಲ್ಲ. 'ಎಲ್ಲ ಷರತ್ತುಗಳನ್ನು ಓದಿ ಒಪ್ಪಿದ್ದೇನೆ' ಅಂತ ಗುಂಡಿ ಒತ್ತುವಾಗ ನಾವೇ ತುತ್ತು ಮಾಡಿ ಅದರ ಬಾಯಿಗೆ ಇಡುತ್ತೇವೆ. ಹುಟ್ಟುಹಬ್ಬಕ್ಕೆ ನೂರು ಜನ ಕಳಿಸುವ 'ಹಾರ್ದಿಕ ಶುಭಾಶಯ'ದ ಹಾರ್ದಿಕ ಯಾವತ್ತೋ ಜೀರ್ಣವಾಗಿದೆ.

ಅದಕ್ಕೂ ಒಂದು ನಾಲಿಗೆ ರುಚಿ ಇರಬೇಕು. ಅಭಿವೃದ್ಧಿ, ಸಮಗ್ರ, ಮೌಲ್ಯಯುತ ಇಂಥ ದಪ್ಪ ಮೆತ್ತನೆಯ ಪದಗಳೆಂದರೆ ಜಾಸ್ತಿ ಇಷ್ಟ. ಮುಳ್ಳು, ಇಟ್ಟಿಗೆ, ನೆಗಡಿ ಕಂಡರೆ ದೂರ ಹೋಗುತ್ತದೆ. 'ನೆಗಡಿ' ಅಂತ ಎಷ್ಟು ಸಲ ದೂರಿಕೊಂಡರೂ ಮೂಗು ಸೋರುವುದು ನಿಂತಿಲ್ಲ, ನೋಡಿ. ಬೈಗುಳವನ್ನೂ ಅದು ಮುಟ್ಟುವುದಿಲ್ಲ, ಖಾರ ಜಾಸ್ತಿ ಅಂತ ಅನಿಸಬಹುದು. ಹಳೇ ಗೆಳೆಯರ ಗುಂಪಿನಲ್ಲಿ ಐದು ನಿಮಿಷ ಕೂತು ನೋಡಿ. ಇಬ್ಬರು ಒಬ್ಬರಿಗೊಬ್ಬರು ಬಾಯಿಗೆ ಬಂದ ಹಾಗೆ ಬೈದುಕೊಳ್ಳುತ್ತಾ, ಹೆಗಲ ಮೇಲೆ ಕೈ ಹಾಕಿಕೊಂಡು, ಊಟಕ್ಕೆ ಎಲ್ಲಿ ಹೋಗೋಣ ಅಂತ ಮಾತಾಡುತ್ತಿರುತ್ತಾರೆ.