ಕಿಯಾಂತಿಗೆ ಹೋಗುವವರು ಒಂದೇ ತೋಟ ನೋಡಿ ಬಂದರೆ ಸಾಕು

ಇಟಲಿಗೆ ಹೊರಟ ಪರಿಚಯದವರು ಫ್ಲಾರೆನ್ಸಿನಿಂದ ಕಿಯಾಂತಿಯ ಹಳ್ಳಿಗಾಡಿಗೆ ಹೋಗಿಬರುವ ಒಂದು ದಿನದ ವೈನ್ ಮತ್ತು ಊಟದ ಪ್ರವಾಸ ಮಾಡಬೇಕೇ, ಅದು ದುಡ್ಡು ದಂಡವಲ್ಲವೇ ಎಂದು ನನ್ನನ್ನು ಕೇಳುತ್ತಿರುತ್ತಾರೆ. ನಾನು ಎರಡು ಸಲ ಹೋಗಿದ್ದೇನೆ. ಮೊದಲ ಸಲ ದುಡ್ಡು ನಿಜಕ್ಕೂ ದಂಡವಾಯಿತು. ಎರಡನೆಯ ಸಲ ಅದರ ದುಪ್ಪಟ್ಟಿಗೂ ಹೆಚ್ಚು ಕೊಟ್ಟರೂ ಹೊಟ್ಟೆ ಉರಿಯಲಿಲ್ಲ. ಹೀಗೇಕಾಯಿತು ಎಂಬುದನ್ನು ಬಿಡಿಸಿ ಹೇಳಲು ಸ್ವಲ್ಪ ಉದ್ದವಾಗಿಯೇ ಬರೆಯಬೇಕಾಗಿದೆ.

ನಾನು ವೈನ್ ಬಲ್ಲವಳಲ್ಲ ಎಂಬುದನ್ನು ಮೊದಲೇ ಹೇಳಿಬಿಡುತ್ತೇನೆ. ವಿಜಯಪುರ ಜಿಲ್ಲೆಯ ತಿಕೋಟಾ ಕಡೆಯ ದ್ರಾಕ್ಷಿ ಬೆಳೆಗಾರರ ಮಗಳು ನಾನು. ನಮ್ಮ ತೋಟದ ಹಣ್ಣೆಲ್ಲ ಮನೂಕವಾಗಿ, ಅಂದರೆ ಒಣದ್ರಾಕ್ಷಿಯಾಗಿ, ಮಹಾರಾಷ್ಟ್ರದ ತಾಸಗಾಂವದ ಪೇಟೆಗೆ ಹೋಗುತ್ತದೆ. ಲಿಂಗಾಯತರ ಮನೆಯಾದ್ದರಿಂದ ದ್ರಾಕ್ಷಿಯಿಂದ ಇನ್ನೊಂದು ಪದಾರ್ಥವೂ ಆಗುತ್ತದೆ ಎಂಬ ಮಾತನ್ನು ಅಪ್ಪನ ಮುಂದೆ ಯಾರೂ ಎತ್ತುವುದಿಲ್ಲ. ಹೀಗಾಗಿ ಲೋಟದಲ್ಲಿರುವುದಕ್ಕಿಂತ ಬಳ್ಳಿಯ ಮೇಲಿರುವುದರ ಕಡೆಗೇ ನನ್ನ ಕಣ್ಣು ಹೋಗುತ್ತದೆ, ಮತ್ತು ಈ ಬರಹದ ಒಲವು ಕೂಡ ಆ ಕಡೆಗೇ ಇದೆ.

ಮೊದಲ ಸಲ ನಾವು ಹತ್ತಿದ್ದು ಐವತ್ತು ಜನರ ಬಸ್ಸು. ಒಂದೇ ದಿನದಲ್ಲಿ ಮೂರು ವೈನರಿ, ಎರಡು ಊರು, ನಡುವೆ ಊಟ. ಪ್ರತಿಯೊಂದು ವೈನರಿಯಲ್ಲೂ ಮದುವೆ ಛತ್ರದಂಥ ಉದ್ದನೆಯ ಹಾಲಿನಲ್ಲಿ ಸಾಲಾಗಿ ಕೂರಿಸಿ, ನಾಲ್ಕು ಲೋಟಗಳಿಗೆ ಎರಡೆರಡು ಗುಟುಕು ಹಾಕಿ, ಐದನೆಯದಾಗಿ ಪೆಟ್ಟಿಗೆಗಟ್ಟಲೆ ಮನೆಗೆ ಕಳುಹಿಸುವ ಆರ್ಡರಿನ ಚೀಟಿಯನ್ನು ಮುಂದಿಟ್ಟರು. ಸಸ್ಯಾಹಾರಿಗಳೆಂದು ಮೊದಲೇ ತಿಳಿಸಿದ್ದ ನಮಗೆ ಎಲ್ಲರ ತಟ್ಟೆಯಿಂದ ಮಾಂಸದ ಚೂರುಗಳನ್ನು ತೆಗೆದರೆ ಏನುಳಿಯುತ್ತದೋ ಅದನ್ನು ಕೊಟ್ಟರು. ಇಡೀ ದಿನದಲ್ಲಿ ನಾನು ಒಂದೇ ಒಂದು ದ್ರಾಕ್ಷಿ ಬಳ್ಳಿಯನ್ನೂ ಮುಟ್ಟಿರಲಿಲ್ಲ. ಎಲ್ಲವನ್ನೂ ಬಸ್ಸಿನ ಗಾಜಿನಾಚೆ ನೋಡಿದ್ದು. ಆ ಸಂಸ್ಥೆಯ ಹೆಸರು ಇಲ್ಲಿ ಬೇಡ, ಏಕೆಂದರೆ ತಪ್ಪು ಅವರೊಬ್ಬರದಲ್ಲ. ಕಡಿಮೆ ದರಕ್ಕೆ ಹೆಚ್ಚು ಜಾಗ ಬೇಕೆಂದು ಹುಡುಕಿ ಹುಡುಕಿ ಕಾಯ್ದಿರಿಸಿದವರು ನಾವೇ.

ಎರಡನೆಯ ಸಲ, ಕಳೆದ ಅಕ್ಟೋಬರ್ ಮೊದಲ ವಾರ, ನಾವು ಹೋದದ್ದು ಎಂಟು ಜನರ ತಂಡದಲ್ಲಿ. ತಲಾ ನೂರೈವತ್ತು ಯೂರೋ ಕೊಡುವಾಗ ಕೈ ನಡುಗಿತು. ಇಂಥ ಪ್ರವಾಸಗಳೆಲ್ಲ ಹೆಚ್ಚಾಗಿ ಎಂಟಕ್ಕೇ ಏಕೆ ನಿಲ್ಲುತ್ತವೆ ಎಂದು ಚಾಲಕರನ್ನು ಕೇಳಿದಾಗ, ಅದರಲ್ಲಿ ಆತ್ಮೀಯತೆಯ ಮಾತಿಗಿಂತ ಲೈಸೆನ್ಸಿನ ಮಾತೇ ಹೆಚ್ಚೆಂದು ಗೊತ್ತಾಯಿತು. ಸಾಧಾರಣ ಕಾರಿನ ಲೈಸೆನ್ಸಿನಲ್ಲಿ ಚಾಲಕರನ್ನು ಬಿಟ್ಟು ಎಂಟು ಜನರನ್ನು ಕೂರಿಸಬಹುದು. ಒಂಬತ್ತನೆಯ ಪ್ರಯಾಣಿಕರು ಬಂದರೆ ಬಸ್ಸಿನ ಲೈಸೆನ್ಸು ಬೇಕು, ದೊಡ್ಡ ಗಾಡಿ ಬೇಕು, ಆ ಗಾಡಿಗೆ ತಕ್ಕ ರಸ್ತೆ ಬೇಕು. ಇಟಲಿಯಲ್ಲಿ ಸಾಮಾನ್ಯ ಚಾಲಕರ ರಕ್ತದಲ್ಲಿ ಲೀಟರಿಗೆ ಅರ್ಧ ಗ್ರಾಂವರೆಗೆ ಮದ್ಯಾಂಶಕ್ಕೆ ವಿನಾಯಿತಿ ಇದ್ದರೂ, ಪ್ರಯಾಣಿಕರನ್ನು ಕರೆದೊಯ್ಯುವ ವೃತ್ತಿಯ ಚಾಲಕರಿಗೆ ಅದು ಪೂರ್ತಿ ಸೊನ್ನೆ. ಅಂದರೆ ನಾವು ಕೊಟ್ಟ ಹಣದ ದೊಡ್ಡ ಪಾಲು ಹೋದದ್ದು ಕುಡಿಯದೆ ಗಾಡಿ ಓಡಿಸುವ ಒಬ್ಬ ಮನುಷ್ಯನಿಗೆ, ಮತ್ತು ದೊಡ್ಡ ಬಸ್ಸು ನುಗ್ಗಲಾರದ ಜಲ್ಲಿಯ ಹಾದಿಯಲ್ಲಿ ತೋಟದ ಬಾಗಿಲವರೆಗೆ ಹೋಗುವ ಅನುಕೂಲಕ್ಕೆ. ಹೀಗೆ ಲೆಕ್ಕ ಹಾಕಿದ ಮೇಲೆ ಕೈ ನಡುಗುವುದು ನಿಂತಿತು.

ಫ್ಲಾರೆನ್ಸಿನಿಂದ ದಕ್ಷಿಣಕ್ಕೆ ಸಿಯೆನಾ ಕಡೆಗೆ ಸಾಗುವ 222ನೆಯ ರಸ್ತೆಯನ್ನು ಅಲ್ಲಿಯವರು ಕಿಯಾಂತಿಜಾನಾ ಎನ್ನುತ್ತಾರೆ. ಸುಮಾರು 30 ಕಿಲೋಮೀಟರಿಗೆ ಗ್ರೇವೆ ಎಂಬ ಊರು, ಅದರ ನಡುವೆ ಮೂರು ಮೂಲೆಯ ಚೌಕ. ಕಾಫಿ ಕುಡಿದು ಮುಂದೆ ಹೊರಟೆವು. ದಾರಿಯಲ್ಲಿ ಕಪ್ಪು ಹುಂಜದ ಕಥೆ ಬಂದೇ ಬರುತ್ತದೆ: ಫ್ಲಾರೆನ್ಸ್ ಮತ್ತು ಸಿಯೆನಾ ತಮ್ಮ ಗಡಿಯನ್ನು ನಿರ್ಧರಿಸಲು ಕೋಳಿ ಕೂಗಿದೊಡನೆ ಒಬ್ಬೊಬ್ಬ ಸವಾರನನ್ನು ಹೊರಡಿಸಿ, ಇಬ್ಬರೂ ಎದುರಾದಲ್ಲಿ ಗಡಿ ಹಾಕುವುದೆಂದು ಒಪ್ಪಿಕೊಂಡವಂತೆ, ಫ್ಲಾರೆನ್ಸಿನವರು ತಮ್ಮ ಕಪ್ಪು ಹುಂಜವನ್ನು ಉಪವಾಸ ಕೆಡವಿದ್ದರಿಂದ ಅದು ಬೆಳಗಾಗುವ ಮುಂಚೆಯೇ ಕೂಗಿತಂತೆ, ಅವರ ಸವಾರ ಬಹುಪಾಲು ದಾರಿಯನ್ನು ಗೆದ್ದುಕೊಂಡನಂತೆ. ಕಥೆ ಚೆನ್ನಾಗಿಯೇ ಇದೆ, ಆ ಹುಂಜ ಇಂದಿಗೂ ಇಲ್ಲಿನ ಕಿಯಾಂತಿ ಕ್ಲಾಸಿಕೊ ಎಂಬ ವೈನಿನ ಬಾಟಲಿಗಳ ಕತ್ತಿನ ಮೇಲೆ ಕೂತಿದೆ. ಆದರೆ ಎರಡೂ ಪ್ರವಾಸಗಳಲ್ಲಿ ಅದೇ ಕಥೆಯನ್ನು ಅದೇ ನಗೆಯೊಂದಿಗೆ ಕೇಳಿದ ಮೇಲೆ, ಹೇಳದೆ ಬಿಡುತ್ತಿರುವುದು ಏನು ಎಂಬ ಕುತೂಹಲ ನನಗೆ ಹೆಚ್ಚಾಯಿತು.

ನಾವು ಹೋದ ತೋಟದಲ್ಲಿ ಕೊಯ್ಲು ಮುಗಿಯುವ ಹಂತದಲ್ಲಿತ್ತು. ಇಳಿಜಾರಿನ ಮೇಲ್ಭಾಗದ ಕೆಲವು ಸಾಲುಗಳು ಮಾತ್ರ ಉಳಿದಿದ್ದವು. ಅದೇ ವಾರ ನಮ್ಮೂರಿನಲ್ಲಿ ಅಪ್ಪ ಅಕ್ಟೋಬರ್ ಚಾಟನಿಯ, ಅಂದರೆ ಬಳ್ಳಿ ಸವರುವ ಕೆಲಸದ, ಓಡಾಟದಲ್ಲಿದ್ದರು. ನಮ್ಮ ಬಳ್ಳಿಗೆ ಚಳಿಯ ನಿದ್ದೆ ಎಂಬುದಿಲ್ಲವಾದ್ದರಿಂದ ಏಪ್ರಿಲಿನಲ್ಲಿ ಒಮ್ಮೆ, ಅಕ್ಟೋಬರಿನಲ್ಲಿ ಇನ್ನೊಮ್ಮೆ ಕತ್ತರಿ ಹಾಕಿ ಅದನ್ನು ಎಬ್ಬಿಸಬೇಕು. ಇಲ್ಲಿನ ಬಳ್ಳಿ ಚಳಿಗಾಲವಿಡೀ ತಾನಾಗಿಯೇ ಮಲಗುತ್ತದೆ, ಮುಖ್ಯ ಚಾಟನಿ ಒಂದೇ. ನಮ್ಮಲ್ಲಿ ಚಪ್ಪರದ ಕೆಳಗೆ ನಿಂತು ತಲೆ ಎತ್ತಿ ಗೊನೆ ನೋಡಿದರೆ ಇಲ್ಲಿ ಸೊಂಟ ಬಗ್ಗಿಸಬೇಕು.

ಮಾಲೀಕರ ಮೊಮ್ಮಗಳು, ಇಪ್ಪತ್ತೈದರ ಆಸುಪಾಸಿನ ಹುಡುಗಿ, ಒಂದು ಕಾಳು ಕಿತ್ತು ಬಾಯಿಗೆ ಹಾಕಿಕೊಂಡು ಬೀಜವನ್ನು ಹಲ್ಲಿನಲ್ಲಿ ಕಡಿದಳು. ಬೀಜ ಕಂದಾಗಿ, ಕಟುಮ್ಮೆಂದು ಒಡೆದರೆ ಹಣ್ಣು ಮಾಗಿದೆ ಎಂದರ್ಥವಂತೆ. ಥಾಮ್ಸನ್ ಸೀಡ್‌ಲೆಸ್ ಬೆಳೆಯುವ ನಮಗೆ ಕಡಿಯಲು ಬೀಜವೇ ಇಲ್ಲ. ನನಗೂ ಒಂದು ಕಾಳು ಕೊಟ್ಟಳು: ಸಾಂಜೊವೇಸೆ ಎಂಬ ಆ ತಳಿಯ ಕಾಳು ನಮ್ಮ ಹಣ್ಣಿನ ಅರ್ಧದಷ್ಟಿಲ್ಲ, ಸಿಪ್ಪೆ ದಪ್ಪ, ಸಿಹಿಯ ಬೆನ್ನಿಗೇ ಹುಳಿ, ಆಮೇಲೆ ನಾಲಗೆಯನ್ನು ಹಿಡಿಯುವ ಒಗರು. ಅವಳು ಜೇಬಿನಿಂದ ಪುಟ್ಟ ದುರ್ಬೀನಿನಂಥ ಉಪಕರಣ ತೆಗೆದು, ಗಾಜಿನ ಮೇಲೆ ಎರಡು ಹನಿ ರಸ ಹಿಂಡಿ, ಮುಚ್ಚಳ ಒತ್ತಿ, ಬೆಳಕಿನ ಕಡೆ ಹಿಡಿದಳು. ಅದೇನು ಎಂದು ವಿವರಿಸಲು ಶುರು ಮಾಡಿದಳು. ನಾನು ಕೈ ಚಾಚಿ ಇಸಿದುಕೊಂಡೆ. ನಮ್ಮ ಮನೆಯ ಕಿಟಕಿಯ ಗೂಡಿನಲ್ಲಿ ಅಪ್ಪನ ಕನ್ನಡಕದ ಪಕ್ಕದಲ್ಲಿರುವ, ರಸದ ಸಕ್ಕರೆ ಅಳೆಯುವ ಬ್ರಿಕ್ಸ್ ಮೀಟರೇ ಅದು. ಇಟಲಿಯವರು ಬಾಬೋ ಎಂಬ ಬೇರೆ ಅಳತೆಯನ್ನು ಹೆಚ್ಚು ಬಳಸುತ್ತಾರೆ, ಅವಳ ಉಪಕರಣದಲ್ಲಿ ಎರಡೂ ಇದ್ದವು. ಬಾಬೋ ಹತ್ತೊಂಬತ್ತೂವರೆ, ಬ್ರಿಕ್ಸ್ 23. ಮನೂಕಕ್ಕೆ ಹಣ್ಣು ಇಳಿಸಲು ಅಪ್ಪ ಕಾಯುವುದೂ ಹೆಚ್ಚುಕಡಿಮೆ ಅದೇ ಅಂಕೆಗೆ. ಆ ಸಕ್ಕರೆ ನಮ್ಮಲ್ಲಿ ಒಣಗಿ ಕಾಳಿನಲ್ಲೇ ಉಳಿಯುತ್ತದೆ, ಇಲ್ಲಿ ಹುದುಗಿ ನೂರಕ್ಕೆ ಹದಿಮೂರರಷ್ಟು ಮದ್ಯವಾಗುತ್ತದೆ.

ಅಲ್ಲಿಂದ ಮುಂದಿನ ಒಂದು ತಾಸು ನನ್ನ ಗಂಡನೂ ಉಳಿದ ಆರು ಜನರೂ ನಮ್ಮಿಬ್ಬರ ಮಾತಿನಿಂದ ಬೇಸತ್ತಿರಬೇಕು. ಕಿಯಾಂತಿ ಕ್ಲಾಸಿಕೊ ಎಂಬ ಹೆಸರು ಬೇಕಾದರೆ ಹೆಕ್ಟೇರಿಗೆ ಏಳೂವರೆ ಟನ್ನಿಗಿಂತ ಹೆಚ್ಚು ಹಣ್ಣು ತೆಗೆಯುವಂತಿಲ್ಲ ಎಂದಳು. ಎಕರೆಗೆ ಮೂರು ಟನ್! ಒಳ್ಳೆಯ ವರ್ಷದಲ್ಲಿ ಎಕರೆಗೆ ಹತ್ತು–ಹನ್ನೆರಡು ಟನ್ ನೋಡಿದ ಕಣ್ಣಿಗೆ ಇದು ಬರಗಾಲದ ಲೆಕ್ಕ. ಆದರೆ ಮುಂದಿನ ಲೆಕ್ಕ ಬೇರೆ. ಒಂದು ಕಿಲೋಗಿಂತ ತುಸು ಹೆಚ್ಚು ಹಣ್ಣಿಗೆ ಒಂದು ಬಾಟಲಿ, ಆ ಬಾಟಲಿಗೆ ತೋಟದ ಬಾಗಿಲಲ್ಲೇ ಇಪ್ಪತ್ತೈದು ಯೂರೋ. ನಮ್ಮಲ್ಲಿ ನಾಲ್ಕು ಕಿಲೋ ಹಣ್ಣಿಗೆ ಒಂದು ಕಿಲೋ ಮನೂಕ, ಅದರ ದರವನ್ನು ಹೇಳುವವರು ಹರಾಜಿನಲ್ಲಿ ಕೂಗುವ ವ್ಯಾಪಾರಿಗಳು. ಬಾಟಲಿಯ ಹಿಂದೆ ವರ್ಷಗಟ್ಟಲೆ ಕಾಯುವ ಖರ್ಚು, ಓಕ್ ಮರದ ಪೀಪಾಯಿಗಳ ಖರ್ಚು ಇದೆ, ಒಪ್ಪುತ್ತೇನೆ. ಆದರೂ ಮುಖ್ಯ ವ್ಯತ್ಯಾಸ ಹೆಸರಿನಲ್ಲಿದೆ, ಮತ್ತು ಆ ಹೆಸರು ಒಂದು ದಿನದಲ್ಲಿ ಕಟ್ಟಿದ್ದಲ್ಲ. ಕಿಯಾಂತಿಯ ಎಲ್ಲೆ ಯಾವುದು ಎಂದು ಟಸ್ಕನಿಯ ದೊರೆ ಮೂರನೆಯ ಕೋಸಿಮೊ ದೆ ಮೆದಿಚಿ ಆಜ್ಞೆ ಹೊರಡಿಸಿದ್ದು 1716ರಲ್ಲಿ. ಇಟಲಿಯ ಪ್ರಧಾನಿಯೂ ಆಗಿದ್ದ ಬೆತ್ತೀನೊ ರಿಕಾಸೊಲಿ ತನ್ನ ಬ್ರೋಲಿಯೊ ಕೋಟೆಯ ತೋಟದಲ್ಲಿ ವರ್ಷಗಳ ಪ್ರಯೋಗದ ನಂತರ ಯಾವ ಹಣ್ಣಿಗೆ ಯಾವ ಹಣ್ಣು ಬೆರೆಸಬೇಕೆಂದು ಪತ್ರದಲ್ಲಿ ಬರೆದದ್ದು 1872ರಲ್ಲಿ. ಬೆಳೆಗಾರರು ಸಂಘ ಕಟ್ಟಿದ್ದು 1924ರಲ್ಲಿ. 1932ರಲ್ಲಿ ಸರ್ಕಾರ ಸುತ್ತಲಿನ ದೊಡ್ಡ ಪ್ರದೇಶಕ್ಕೂ ಕಿಯಾಂತಿ ಎಂಬ ಹೆಸರನ್ನು ಹಂಚಿದಾಗ ಮೂಲದವರಿಗೆ ಉಳಿದದ್ದು ‘ಕ್ಲಾಸಿಕೊ’ ಎಂಬ ಬಾಲ. ಇಂದು ಆ ಬಾಲ ಬೇಕಾದರೆ ನೂರಕ್ಕೆ ಎಂಬತ್ತರಷ್ಟಾದರೂ ಸಾಂಜೊವೇಸೆ ಇರಬೇಕು, ಬಿಳಿ ದ್ರಾಕ್ಷಿಯನ್ನು ಬೆರೆಸುವಂತಿಲ್ಲ.

ಊಟ ಅದೇ ಮನೆಯ ಅಂಗಳದಲ್ಲಿ. ಇಂಥ ಮನೆಗಳಿಗೆ ಅಗ್ರಿತುರಿಸ್ಮೊ ಎನ್ನುತ್ತಾರೆ; ಅದು ಬರೀ ಅಲಂಕಾರದ ಹೆಸರಲ್ಲ, 1985ರಿಂದ ಅದಕ್ಕೆ ಪ್ರತ್ಯೇಕ ಕಾನೂನೇ ಇದೆ. ಬೇಸಾಯವೇ ಮುಖ್ಯವಾಗಿರಬೇಕು, ಅತಿಥಿ ಸತ್ಕಾರ ಅದಕ್ಕೆ ಪೂರಕವಾಗಿರಬೇಕು, ಬಡಿಸುವುದರಲ್ಲಿ ಸ್ವಂತ ತೋಟದ್ದೂ ಆ ಸೀಮೆಯದೂ ಹೆಚ್ಚಿರಬೇಕು. ಉಪ್ಪಿಲ್ಲದ ಟಸ್ಕನಿಯ ಬ್ರೆಡ್ಡನ್ನು ಹಲವು ಪ್ರವಾಸಿಗರು ದೂರುತ್ತಾರೆ, ನನಗೆ ಆ ದೂರು ಅರ್ಥವಾಗುವುದಿಲ್ಲ. ಜೋಳದ ರೊಟ್ಟಿಗೂ ಉಪ್ಪು ಹಾಕುವುದಿಲ್ಲ. ಪಕ್ಕದಲ್ಲಿರುವ ಪಲ್ಯ, ಹಿಂಡಿ, ಎಣ್ಣೆ ಮಾತನಾಡಲಿ ಎಂದೇ ಅದು ಸುಮ್ಮನಿರುತ್ತದೆ. ಆಲಿವ್ ಎಣ್ಣೆ ಗಂಟಲಿಗೆ ತಾಕಿ ಸಣ್ಣಗೆ ಕೆಮ್ಮು ಬಂತು. ಆ ಖಾರವೇ ಒಳ್ಳೆಯ ಎಣ್ಣೆಯ ಗುರುತಂತೆ, ನವೆಂಬರಿನ ಹೊಸ ಎಣ್ಣೆಯಾದರೆ ಇನ್ನೂ ಜೋರಂತೆ. ಹಳೆಯ ಬ್ರೆಡ್ಡನ್ನು ನೆನೆಸಿ ಹಿಂಡಿ ಟೊಮೆಟೊ, ಈರುಳ್ಳಿ, ತುಳಸಿಯ ಜಾತಿಯ ಬಾಸಿಲ್ ಸೊಪ್ಪು ಬೆರೆಸಿದ ಪಂಝನೆಲ್ಲಾ, ಕಪ್ಪು ಕೋಸಿನ ಸೊಪ್ಪು ಮತ್ತು ಬಿಳಿ ಬೀನ್ಸ್ ಕಾಳನ್ನು ಬ್ರೆಡ್ಡಿನೊಂದಿಗೆ ಮತ್ತೆ ಮತ್ತೆ ಕುದಿಸಿದ ರಿಬೊಲ್ಲೀತಾ, ಇವೆರಡೂ ಹುಟ್ಟಿನಿಂದಲೇ ಸಸ್ಯಾಹಾರ. ಸಸ್ಯಾಹಾರಿಗಳು ಚೀಸಿನ ವಿಷಯದಲ್ಲಿ ಮಾತ್ರ ಎಚ್ಚರವಾಗಿರಬೇಕು: ಕುರಿ ಹಾಲಿನ ಪೆಕೊರೀನೊವನ್ನು ಹೆಪ್ಪುಗಟ್ಟಿಸಲು ಸಾಮಾನ್ಯವಾಗಿ ಕರುವಿನ ಹೊಟ್ಟೆಯ ಕಿಣ್ವವನ್ನು ಬಳಸುತ್ತಾರೆ. ಮೊದಲ ಪ್ರವಾಸದಲ್ಲಿ ಇದನ್ನು ಯಾರೂ ಹೇಳದೆ ನಾನು ತಟ್ಟೆ ಖಾಲಿ ಮಾಡಿದ್ದೆ.

ಊಟದ ಕೊನೆಗೆ ಎಂಬತ್ತು ದಾಟಿದ ಅಜ್ಜ ಬಂದು ಮೇಜಿನ ತುದಿಯಲ್ಲಿ ಕೂತರು. ಈ ಕಲ್ಲಿನ ಮನೆ ಎಷ್ಟು ಕಾಲದಿಂದ ನಿಮ್ಮದು ಎಂದು ಯಾರೋ ಕೇಳಿದರು. ನೂರಾರು ವರ್ಷಗಳಿಂದ ಎಂಬ ಉತ್ತರವನ್ನು ನಿರೀಕ್ಷಿಸಿಯೇ ಕೇಳಿದ ಪ್ರಶ್ನೆ ಅದು. ಅಜ್ಜ ನಕ್ಕರು. ಮನೆ ಅವರದಾಗಿರಲಿಲ್ಲ, ಅವರ ಅಪ್ಪ ಮೆಝಾದ್ರೊ ಆಗಿದ್ದರು. ನಮ್ಮ ಕಡೆ ಹೊಲ ಪಾಲಿಗೆ ಮಾಡುವುದು ಎನ್ನುತ್ತೇವಲ್ಲ, ಅದೇ: ಮನೆ ಧಣಿಯದು, ಭೂಮಿ ಧಣಿಯದು, ದುಡಿಮೆ ಇವರದು, ಬೆಳೆದುದರಲ್ಲಿ ಅರ್ಧ ಧಣಿಗೆ. ಗೋಧಿ, ಎಣ್ಣೆ, ವೈನಿನಲ್ಲಿ ಅರ್ಧ ಮಾತ್ರವಲ್ಲ, ಕ್ರಿಸ್‌ಮಸ್‌ಗೆ ಹುಂಜ, ಹಬ್ಬಕ್ಕೆ ಮೊಟ್ಟೆ ಕೂಡ ಲೆಕ್ಕ ಹಾಕಿ ತಲುಪಿಸಬೇಕಾಗಿತ್ತು. ಕಪ್ಪು ಹುಂಜದ ಕಥೆಗಿಂತ ಈ ಹುಂಜದ ಕಥೆ ನನಗೆ ಹೆಚ್ಚು ಹತ್ತಿರವಾಯಿತು. 1964ರ ಕಾನೂನು ಹೊಸದಾಗಿ ಪಾಲಿನ ಕರಾರು ಮಾಡುವುದನ್ನು ನಿಷೇಧಿಸುವ ಹೊತ್ತಿಗೆ ಬಹಳ ಜನ ಆಗಲೇ ಊರು ಬಿಟ್ಟು ಫ್ಲಾರೆನ್ಸ್, ಪ್ರಾತೊ ಕಡೆಯ ಕಾರ್ಖಾನೆಗಳಿಗೆ ಹೋಗಿದ್ದರು. ಖಾಲಿ ಬಿದ್ದ ಮನೆಗಳನ್ನು ಇಂಗ್ಲೆಂಡ್, ಜರ್ಮನಿಯವರು ಕೊಂಡರು. ಅಜ್ಜನ ಮನೆಯವರು ಸಾಲ ಮಾಡಿ ಇದ್ದ ಮನೆಯನ್ನೇ ಕೊಂಡು ಉಳಿದರು. ನಾವು ಫೋಟೊ ತೆಗೆಯುತ್ತಿದ್ದ ನೇರ ಸಾಲಿನ ತೋಟಗಳು ಕೂಡ ಪುರಾತನವಲ್ಲ. ಅವರು ಹುಡುಗನಾಗಿದ್ದಾಗ ಬಳ್ಳಿಗಳು ಮರಗಳಿಗೆ ಹಬ್ಬಿದ್ದವು, ನಡುವೆ ಗೋಧಿ ಬಿತ್ತುತ್ತಿದ್ದರು. 1974ರ ಭೂ ಸುಧಾರಣೆ ನಮ್ಮ ಸೀಮೆಯಲ್ಲಿ ಎಷ್ಟು ಮನೆಗಳನ್ನು ಅದಲುಬದಲು ಮಾಡಿತೆಂದು ಕೇಳುತ್ತ ಬೆಳೆದ ನನಗೆ ಈ ಅರ್ಧ ತಾಸಿನ ಮಾತಿಗೇ ನೂರೈವತ್ತು ಯೂರೋ ಸಂದಿತು. ಐವತ್ತು ಜನರ ಬಸ್ಸಿಗೆ ಆ ಅಜ್ಜ ಮಹಡಿಯಿಂದ ಇಳಿದು ಬರುತ್ತಲೇ ಇರಲಿಲ್ಲ.

ಅವರೇ ನಮ್ಮನ್ನು ಅಟ್ಟಕ್ಕೆ ಕರೆದೊಯ್ದರು. ವಿನ್ ಸಾಂತೊ ಎಂಬ ಸಿಹಿ ವೈನಿಗಾಗಿ ಬಿಳಿ ದ್ರಾಕ್ಷಿಯ ಗೊನೆಗಳನ್ನು ಬೆತ್ತದ ಚಾಪೆಗಳ ಮೇಲೆ ಅಂತಸ್ತು ಅಂತಸ್ತಾಗಿ ಹರಡಿದ್ದರು. ನನಗೆ ಒಂದು ಕ್ಷಣ ನಮ್ಮ ಮನೂಕದ ಶೆಡ್ಡಿನ ಜಾಲಿಗಳೇ ಕಣ್ಣೆದುರು ಬಂದವು. ನಾವು ಡಿಪ್ಪಿಂಗ್ ಎಣ್ಣೆಯ ದ್ರಾವಣದಲ್ಲಿ ಅದ್ದಿ, ಬಿಸಿಗಾಳಿಯಲ್ಲಿ ಹದಿನೈದು ದಿನಕ್ಕೆ ಒಣಗಿಸಿ ಮುಗಿಸುತ್ತೇವೆ; ಇವರು ಏನನ್ನೂ ಸೋಕಿಸದೆ ಚಳಿಗಾಲದವರೆಗೆ ಬಿಟ್ಟು, ಸುಕ್ಕಾದ ಹಣ್ಣಿನಿಂದ ಹಿಂಡಿದ ಸ್ವಲ್ಪವೇ ರಸವನ್ನು ಪುಟ್ಟ ಪೀಪಾಯಿಗಳಲ್ಲಿ ಮುಚ್ಚಿ, ಅದೇ ಅಟ್ಟದ ಸೆಕೆ ಚಳಿಗಳಲ್ಲಿ ವರ್ಷಗಟ್ಟಲೆ ಇಡುತ್ತಾರೆ. ಬಾದಾಮಿಯ ಗಟ್ಟಿ ಬಿಸ್ಕತ್ತಿನೊಂದಿಗೆ ಒಂದು ಗುಟುಕು ಕೊಟ್ಟರು. ದಿನವಿಡೀ ಸುರಿದ ಲೋಟಗಳಲ್ಲಿ ನಾನು ಪೂರ್ತಿ ಮುಗಿಸಿದ್ದು ಅದೊಂದನ್ನೇ. ಅದರಲ್ಲಿ ನಮ್ಮ ಶೆಡ್ಡಿನ ವಾಸನೆ ಇತ್ತು. ಉಳಿದವನ್ನು ಮೂಸಿ, ನಾಲಗೆಗೆ ತಾಕಿಸಿ, ಮೇಜಿನ ಮೇಲಿದ್ದ ಬಕೆಟ್ಟಿಗೆ ಸುರಿದೆ. ಹಾಗೆ ಸುರಿಯುವುದು ಅವಮಾನವಲ್ಲ, ಅದಕ್ಕೆಂದೇ ಬಕೆಟ್ಟನ್ನು ಇಟ್ಟಿರುತ್ತಾರೆ. ನಮ್ಮವರು ಸಂಕೋಚಕ್ಕೆ ಎಲ್ಲವನ್ನೂ ಕುಡಿದು ಊಟದ ಹೊತ್ತಿಗೆ ನಿದ್ದೆ ಹೋಗುತ್ತಾರೆ.

ಹೋಗುವವರಿಗೆ ನಾನು ಹೇಳುವುದು ಇಷ್ಟೇ: ಎಷ್ಟು ವೈನರಿ ತೋರಿಸುತ್ತೀರಿ ಎಂದು ಕೇಳಬೇಡಿ, ಒಂದೊಂದರಲ್ಲಿ ಎಷ್ಟು ಹೊತ್ತು ಇರುತ್ತೀರಿ, ಮಾತನಾಡಲು ಬರುವವರು ತೋಟದ ಮನೆಯವರೇ ಅಲ್ಲವೇ ಎಂದು ಕೇಳಿ. ನಮ್ಮ ಎರಡನೆಯ ಪ್ರವಾಸದಲ್ಲೂ ಸಂಜೆಗೆ ಇನ್ನೊಂದು ವೈನರಿ ಇತ್ತು. ಅದರ ಹೆಸರು ಕೂಡ ನನಗೆ ಈಗ ನೆನಪಿಲ್ಲ.

ಮರಳುವಾಗ ಗೊನೆಯ ಫೋಟೊವನ್ನು ಅಪ್ಪನಿಗೆ ಕಳುಹಿಸಿದೆ, ಲೋಟದ ಫೋಟೊ ಕಳುಹಿಸುವ ಧೈರ್ಯವಾಗಲಿಲ್ಲ. ಎಲ್ಲಿ, ಏಕೆ ಎಂದು ಅವರು ಕೇಳಲಿಲ್ಲ. ಸ್ವಲ್ಪ ಹೊತ್ತಿನ ನಂತರ ಧ್ವನಿ ಸಂದೇಶ ಬಂತು: “ಗೊನಿ ಮುಂದಿನ ಎಲಿ ಭಾಳ ತಗದಾರಲ್ಲವ್ವಾ. ಬಿಸಿಲು ಬಡದ್ರ ಕಾಳು ಸುಡ್ತಾವ, ಹೇಳು ಅವ್ರಿಗೆ.” ಆ ಹುಡುಗಿಯ ನಂಬರಿಗೆ ಅದನ್ನು ಇಂಗ್ಲಿಷಿನಲ್ಲಿ ಬರೆದು ಕಳುಹಿಸಿದೆ. ಬೇಸಿಗೆ ಈಚೆಗೆ ಮೊದಲಿನಂತಿಲ್ಲ, ಆ ಸಾಲಿನಲ್ಲಿ ಎಲೆ ತೆಗೆಸಿದ್ದು ತನ್ನ ತಪ್ಪೇ, ಅಜ್ಜ ಜುಲೈಯಿಂದ ಅದನ್ನೇ ಹೇಳಿ ಬೈಯುತ್ತಿದ್ದಾರೆ ಎಂದು ಉತ್ತರ ಬಂತು.