ಮೆರಿಟ್ಟಂತೆ, ಮೆರಿಟ್ಟು!

ಇವತ್ತು ಆಫೀಸಿನಲ್ಲಿ ಒಬ್ಬರ ಬೀಳ್ಕೊಡುಗೆ. ಹಾರ, ಶಾಲು, ಮೈಸೂರು ಪೇಟ ಎಲ್ಲ ಆಯ್ತು. ಆಮೇಲೆ ಅವರು ಮೈಕ್ ಹಿಡಿದು, "ಬಡ್ತಿ ಮೀಸಲಾತಿ ಇಲ್ಲದಿದ್ದರೆ ನಾನು ಇನ್ನೂ ಮೇಲೆ ಹೋಗಿ ರಿಟೈರ್ ಆಗ್ತಿದ್ದೆ. ಈ ದೇಶದಲ್ಲಿ ಮೆರಿಟ್‌ಗೆ ಬೆಲೆ ಇಲ್ಲ" ಅಂದರು. ಜೋರು ಚಪ್ಪಾಳೆ. ಪಕ್ಕದಲ್ಲಿ ಕೂತವರು ತಾವೂ ತಟ್ಟಿ, ನನ್ನ ಮುಖ ನೋಡಿ, "ನಿಮಗೆ ಹೇಳಿದ್ದಲ್ಲ ಮೇಡಂ" ಅಂದರು. ಮತ್ತೆ ಯಾರಿಗೆ ಸಾರ್, ಫ್ಯಾನಿಗಾ?

ನನ್ನ ವಿಷಯ ನಿಮಗೆಲ್ಲ ಗೊತ್ತು. ಎಸ್‌ಡಿಎ (ದ್ವಿತೀಯ ದರ್ಜೆ ಸಹಾಯಕಿ) ಆಗಿ ಸೇರಿದವಳು, ರೋಸ್ಟರಿನಲ್ಲಿ, ಅಂದರೆ ಮೀಸಲಾತಿಯ ಸರದಿ ಪಟ್ಟಿಯಲ್ಲಿ, ಬಡ್ತಿ ಪಡೆದವಳು. ಎಲ್ಲೂ ಮುಚ್ಚಿಟ್ಟಿಲ್ಲ. ಆದರೆ ಈ ಜಗಳಕ್ಕೆ ಮೆರಿಟ್ ಎಲ್ಲಿಂದ ಬಂತು? ನಮ್ಮಲ್ಲಿ ಬಡ್ತಿ ಹೇಗೆ ಕೊಡ್ತಾರೆ ಅಂತ ಚಪ್ಪಾಳೆ ತಟ್ಟಿದ ಎಲ್ಲರಿಗೂ ಗೊತ್ತು. ಜ್ಯೇಷ್ಠತಾ ಪಟ್ಟಿ ನೋಡುತ್ತಾರೆ. ಇಲಾಖಾ ಪರೀಕ್ಷೆ ಪಾಸಾಗಿದೆಯಾ, ವಿಚಾರಣೆ ಏನಾದರೂ ಬಾಕಿ ಇದೆಯಾ ನೋಡುತ್ತಾರೆ. ಆ ಪರೀಕ್ಷೆ ನನಗೂ ಒಂದೇ, ಅವರಿಗೂ ಒಂದೇ. ಪಟ್ಟಿಯಲ್ಲಿ ಮೇಲಿರೋದಕ್ಕೆ ಮುಖ್ಯವಾಗಿ ಬೇಕಾದದ್ದು ಮೊದಲು ಕೆಲಸಕ್ಕೆ ಸೇರಿರೋದು. ಅದು ಕ್ಯಾಲೆಂಡರಿನ ಸಾಧನೆ ಸ್ವಾಮಿ. "ನಾನು ಮೊದಲು ಬಂದೆ, ನನಗೆ ಮೊದಲು ಕೊಡಿ" ಅನ್ನಿ, ಕೂತು ಮಾತಾಡೋಣ. ಅದಕ್ಕೆ ಮೆರಿಟ್ ಅಂತ ಶಾಲು ಹೊದಿಸಬೇಡಿ.

ತತ್ಪರಿಣಾಮ ಜ್ಯೇಷ್ಠತೆಯ ಕಥೆಯನ್ನೇ ನೋಡಿ, ಅಂದರೆ ಮೀಸಲಾತಿಯಲ್ಲಿ ಬಡ್ತಿ ಸಿಕ್ಕ ದಿನದಿಂದಲೇ ಆ ಹುದ್ದೆಯ ಸೀನಿಯಾರಿಟಿ ಎಣಿಸೋದು. ರೋಸ್ಟರ್ ಬಿಂದುವಿನಲ್ಲಿ ಒಬ್ಬಳಿಗೆ ಬಡ್ತಿ ಸಿಕ್ಕಿತು ಅಂದುಕೊಳ್ಳಿ. ಐದಾರು ವರ್ಷ ಆ ಹುದ್ದೆಯಲ್ಲಿ ಕೆಲಸ ಮಾಡಿದಳು. ಆಮೇಲೆ ಕೆಳಗಿನ ವೃಂದದಲ್ಲಿ (ಕೇಡರಿನಲ್ಲಿ) ಅವಳಿಗಿಂತ ಸೀನಿಯರ್ ಆಗಿದ್ದವರು ಬಡ್ತಿ ಪಡೆದು ಮೇಲೆ ಬಂದರು. ಬಂದ ದಿನವೇ ಪಟ್ಟಿಯಲ್ಲಿ ಅವಳಿಗಿಂತ ಮೇಲೆ! ಅವಳು ಆ ಕುರ್ಚಿಯಲ್ಲಿ ಕೂತು ಸಹಿ ಹಾಕಿದ, ಆಡಿಟ್‌ಗೆ ಉತ್ತರ ಕೊಟ್ಟ ವರ್ಷಗಳು ಲೆಕ್ಕಕ್ಕೇ ಇಲ್ಲ. ಇದನ್ನು ಸರಿಪಡಿಸೋಕೆ 2001ರಲ್ಲಿ ಸಂವಿಧಾನಕ್ಕೇ 85ನೇ ತಿದ್ದುಪಡಿ ಬರಬೇಕಾಯ್ತು. ಮರುವರ್ಷ ನಮ್ಮ ರಾಜ್ಯ ಕಾಯ್ದೆ ಮಾಡಿತು. 2017ರ ಫೆಬ್ರವರಿಯಲ್ಲಿ ಬಿ.ಕೆ. ಪವಿತ್ರ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಅದನ್ನು ಹೊಡೆದುಹಾಕಿತು. ಪರಿಶಿಷ್ಟರ ಪ್ರಾತಿನಿಧ್ಯ ಸಾಲದು ಅನ್ನೋದಕ್ಕೆ ಅಂಕಿಅಂಶ ಎಲ್ಲಿ ಅಂತ ಕೇಳಿತು. ಹಳೇ ಪಟ್ಟಿಗಳನ್ನೆಲ್ಲ ಕೆದಕಿ ಹೊಸದಾಗಿ ಬರೆದರು. ಎಷ್ಟೋ ಜನಕ್ಕೆ ಹಿಂಬಡ್ತಿ.

ನನಗೂ ಬಂತು. ಆ ವರ್ಷ ನಾನು ಊರ ಜಾತ್ರೆಗೆ ಹೋಗಲಿಲ್ಲ. ರಜೆ ಸಿಗಲಿಲ್ಲ ಅಂತ ಅವ್ವನಿಗೆ ಸುಳ್ಳು ಹೇಳಿದೆ. ಇದನ್ನು ಇಲ್ಲಿಯವರೆಗೆ ಯಾರಿಗೂ ಹೇಳಿರಲಿಲ್ಲ. ಸರಿ, ಬಿಡಿ.

ಆಮೇಲೆ ಐಎಎಸ್ ಅಧಿಕಾರಿ ರತ್ನಪ್ರಭಾ ಅವರ ಸಮಿತಿ ಇಲಾಖೆ ಇಲಾಖೆಯ ಲೆಕ್ಕ ತೆಗೆಯಿತು. ಹೊಸ ಕಾಯ್ದೆ ಬಂತು. 2019ರ ಮೇ 10ರಂದು ಸುಪ್ರೀಂ ಕೋರ್ಟ್ ಅದನ್ನು ಎತ್ತಿಹಿಡಿಯಿತು. ಆ ಸಮಿತಿಯ ಲೆಕ್ಕದಲ್ಲಿ ನಮ್ಮವರ ಕೊರತೆ ಕಂಡದ್ದು ಮೇಲಿನ ಗ್ರೂಪುಗಳಲ್ಲಿ. ಡಿ ಗ್ರೂಪಿನಲ್ಲಿ ಕೊರತೆಯೇ ಇಲ್ಲ. ಪೊರಕೆ ಹಿಡಿಯೋ ಜಾಗದಲ್ಲಿ ನಾವು ಜಾಸ್ತಿಯಾದೆವು, ದಕ್ಷತೆ ಹಾಳಾಯ್ತು ಅಂತ ಯಾರಾದರೂ ರಿಟ್ ಹಾಕಿದ್ದು ಕೇಳಿದ್ದೀರಾ?

"ನನ್ನ ಕೈಕೆಳಗೆ ಕೆಲಸ ಕಲಿತವನು ನನಗೇ ಬಾಸ್ ಆದರೆ ನೋವಾಗಲ್ವಾ?" ಅಂತೀರಿ. ಆಗುತ್ತೆ. ಆದರೆ ಇಪ್ಪತ್ತಾರರ ಹುಡುಗ ಕೆಎಎಸ್ ಬರೆದು ಬಂದು, ರಿಟೈರ್ ಆಗೋ ವಯಸ್ಸಿನ ಶಿರಸ್ತೇದಾರರಿಂದ ಫೈಲ್ ತರಿಸಿಕೊಳ್ಳುವಾಗ ನಿಮಗೆ ಈ ನೋವು ಕಾಣಲ್ಲ. "ಅವನು ಪರೀಕ್ಷೆ ಪಾಸಾಗಿದ್ದಾನೆ" ಅಂತೀರಿ. ಅಂದರೆ ಅಲ್ಲಿ ಪರೀಕ್ಷೆ ದೊಡ್ಡದು, ಇಲ್ಲಿ ಮೊದಲು ಬಂದದ್ದು ದೊಡ್ಡದು. ನಿಮಗೆ ಯಾವುದು ಅನುಕೂಲವೋ ಅದೇ ಆ ದಿನದ ಮೆರಿಟ್.

ಎಲ್ಲಾ ಹುದ್ದೆ ನಾವೇ ನುಂಗಿಬಿಟ್ಟೆವು ಅನ್ನೋ ಲೆಕ್ಕವೂ ಸುಳ್ಳು. 1978ರ ಆದೇಶದಲ್ಲಿ ಬಡ್ತಿಗೆ ಇದ್ದದ್ದು ಪರಿಶಿಷ್ಟ ಜಾತಿಗೆ ಶೇ 15, ಪಂಗಡಕ್ಕೆ ಶೇ 3. ಅದೂ ಗ್ರೂಪ್ ಎ ಮೊದಲ ಮೆಟ್ಟಿಲಿನವರೆಗೆ ಮಾತ್ರ. ವೃಂದದಲ್ಲಿ ಅಷ್ಟು ಪಾಲು ತುಂಬಿದರೆ ರೋಸ್ಟರ್ ನಿಲ್ಲಬೇಕು ಅಂತ 1999ರಲ್ಲೇ ಆದೇಶ ಆಗಿದೆ. ನಿಮ್ಮ ಬಡ್ತಿ ತಡವಾಗೋಕೆ ಬೇರೆ ಕಾರಣಗಳೂ ಇವೆ. ಖಾಲಿ ಹುದ್ದೆ ತುಂಬಲ್ಲ, ಡಿಪಿಸಿ (ಇಲಾಖಾ ಬಡ್ತಿ ಸಮಿತಿ) ಕರೆಯಲ್ಲ, ವರ್ಷಗಟ್ಟಲೆ ಪ್ರಭಾರದಲ್ಲೇ ಓಡಿಸುತ್ತಾರೆ. ಅದರ ಬಗ್ಗೆ ಮೈಕಿನಲ್ಲಿ ಒಂದು ಮಾತೂ ಬರಲಿಲ್ಲ.

ಶಾಸಕರ ಲೆಟರ್ ಹಿಡಿದುಕೊಂಡು ಬಂದು ಒಳ್ಳೇ ಜಾಗ ಹಿಡಿದು, ವರ್ಗಾವಣೆಯನ್ನೇ ಕಾಣದೆ ಕೂತವರು ಇವತ್ತು ಆ ಸಭೆಯಲ್ಲೇ ಇದ್ದರು. ಮೊದಲ ಸಾಲಿನಲ್ಲಿ. ಮೆರಿಟ್ ಅಂದಾಗ ಎಲ್ಲರಿಗಿಂತ ಜೋರಾಗಿ ಚಪ್ಪಾಳೆ ತಟ್ಟಿದ್ದೂ ಅವರೇ.