ಅಪ್ಪ ಹೋದರು, ಠಂಗಪ್ಪ ಹೋಗಲಿಲ್ಲ

ನಮ್ಮಪ್ಪನ ಹೆಸರು ರಂಗಪ್ಪ. ಪಹಣಿಯಲ್ಲಿ ಮಾತ್ರ ಅವರು ಠಂಗಪ್ಪ.

ಇದು ಗೊತ್ತಾದದ್ದು ಅಪ್ಪ ತೀರಿಕೊಂಡ ಮೇಲೆ. ಅವರ ಜಮೀನು ನಮ್ಮ ಹೆಸರಿಗೆ ಬರಲಿ, ಪೌತಿ ಖಾತೆ ಮಾಡಿಸೋಣ ಅಂತ ಮರಣ ಪತ್ರ, ವಂಶವೃಕ್ಷ ಎಲ್ಲಾ ಹಿಡಿದು ನಾಡಕಚೇರಿಗೆ ಹೋದೆ. ಅಲ್ಲಿದ್ದವರು ಎರಡು ಕಾಗದ ಅಕ್ಕಪಕ್ಕ ಇಟ್ಟು ನೋಡಿದರು.

"ಸತ್ತಿರೋದು ರಂಗಪ್ಪ. ಜಮೀನಿರೋದು ಠಂಗಪ್ಪನ ಹೆಸರಲ್ಲಿ."

"ಇಬ್ಬರೂ ಒಬ್ಬರೇ ಸಾರ್."

"ಇರಬಹುದು. ಆದ್ರೆ ಠಂಗಪ್ಪ ಸತ್ತಿರೋದಕ್ಕೆ ದಾಖಲೆ ಎಲ್ಲಿ?"

2000ನೇ ಇಸವಿಯ ಆಸುಪಾಸಿನಲ್ಲಿ 'ಭೂಮಿ' ಯೋಜನೆ ಬಂದು ಕೈಬರಹದ ಪಹಣಿಗಳೆಲ್ಲ ಕಂಪ್ಯೂಟರ್ ಒಳಗೆ ಹೋದವಲ್ಲ, ಆಗ ಆದ ಕೆಲಸ ಇದು ಅಂತ ನನ್ನ ಲೆಕ್ಕ. ಹಳೇ ಪಹಣಿಯ ನಕಲು ತೆಗೆಸಿ ನೋಡಿದೆ. 'ರ' ಅಕ್ಷರದ ಹೊಟ್ಟೆಯೊಳಗೆ ಒಂದು ಚುಕ್ಕೆ. ಬರೆದವರ ಪೆನ್ನಿನ ಮಸಿಯೋ, ನೊಣ ಮಾಡಿದ ಸಹಿಯೋ ದೇವರಿಗೇ ಗೊತ್ತು. ಟೈಪ್ ಮಾಡಿದವರನ್ನು ಬೈಯುವ ಹಾಗಿಲ್ಲ. ಅವರು ಕಂಡದ್ದನ್ನು ಕಂಡ ಹಾಗೆ ಹೊಡೆದಿದ್ದಾರೆ.

1964ರ ಭೂಕಂದಾಯ ಕಾಯ್ದೆ ಪ್ರಕಾರ ಪಹಣಿಯಲ್ಲಿ ಬರೆದದ್ದು ಸುಳ್ಳು ಅಂತ ಸಾಬೀತಾಗುವವರೆಗೂ ನಿಜ. ಅಲ್ಲಿಗೆ ಠಂಗಪ್ಪ ನಿಜ. ಸುಳ್ಳಾದದ್ದು ನಮ್ಮಪ್ಪ.

ಅಮ್ಮನಿಗೆ ವಿಷಯ ಹೇಳಿದೆ. ಖಾತೆಗೆ ಅವಳ ಹೆಸರೂ ಸೇರಬೇಕು, 'ಕೋಂ ಠಂಗಪ್ಪ' ಅಂತ ಬಂದರೂ ಬರಬಹುದು ಅಂದೆ. ಅಮ್ಮ ಒಲೆ ಮುಂದಿನಿಂದ ಎದ್ದೇ ಬಂದಳು. "ಈ ವಯಸ್ಸಲ್ಲಿ ಯಾವನೋ ಠಂಗಪ್ಪನ ಹೆಂಡ್ತಿ ಆಗ್ಲೇನೋ ನಾನು?"

ಛಾಪಾ ಕಾಗದದ ಮೇಲೆ ರಂಗಪ್ಪ ಮತ್ತು ಠಂಗಪ್ಪ ಇಬ್ಬರೂ ಒಬ್ಬರೇ ಅಂತ ಅಫಿಡವಿಟ್ ಮಾಡಿಸಿದೆ. ನೋಟಿಸ್ ಹೊರಬಿತ್ತು. ತಕರಾರು ಇದ್ದವರು 30 ದಿನದೊಳಗೆ ಹೇಳಬೇಕು. ಯಾರು ಹೇಳ್ತಾರೆ ಬಿಡು ಅಂತ ಆರಾಮಾಗಿದ್ದೆ. 28ನೇ ದಿನ ಚಿಕ್ಕಪ್ಪ ತಕರಾರು ಹಾಕಿದರು.

ಚಿಕ್ಕಪ್ಪನ ಕಣ್ಣಿದ್ದದ್ದು ಒಂದು ತೆಂಗಿನಮರದ ಮೇಲೆ. ನಮ್ಮ ತೋಟಕ್ಕೂ ಅವರ ತೋಟಕ್ಕೂ ನಡುವೆ ಇದೆ ಅದು. ಕಾಯಿ ಬಿದ್ದಾಗ ಯಾರು ಮೊದಲು ಓಡುತ್ತಾರೋ ಅವರದ್ದು ಅನ್ನುವ ಕಾನೂನು ಅಲ್ಲಿಯವರೆಗೆ ನಡೆದುಬಂದಿತ್ತು. ವಿಚಾರಣೆ ದಿನ ಅವರು ಕೈಮುಗಿದು ನಿಂತು, "ಸ್ವಾಮಿ, ನಮ್ಮಣ್ಣ ರಂಗಪ್ಪ. ಈ ಠಂಗಪ್ಪ ಯಾರೋ ನನಗೆ ಗೊತ್ತಿಲ್ಲ" ಅಂದರು. ಒಂದು ಮಾತೂ ಸುಳ್ಳಲ್ಲ. ನನಗೆ ಉರಿದುಹೋಯಿತು.

ಕೊನೆಗೆ ಊರಿನ ಹಿರಿಯರು ಕೂತು, ಮೊದಲು ಜಮೀನು ಅಳೆಸಿ ಗಡಿ ಗುರುತಿಸೋ ಹದ್ದುಬಸ್ತು ಮಾಡಿಸಿ, ಮರ ಯಾರ ಕಡೆ ಬರುತ್ತೋ ನೋಡೋಣ, ಆಮೇಲೆ ಅವನು ತಕರಾರು ವಾಪಸ್ ತಗೋತಾನೆ ಅಂದರು. ಅರ್ಜಿ ಹಾಕಿ, ದುಡ್ಡು ಕಟ್ಟಿ, ಕಾದು ಕಾದು ಒಂದಿನ ಸರ್ವೆಯವರು ಬಂದರು. 33 ಅಡಿಗೆ 33 ಅಡಿ ಒಂದು ಗುಂಟೆ, 40 ಗುಂಟೆ ಒಂದು ಎಕರೆ. ನಾವು ಹೊಡೆದಾಡುತ್ತಿದ್ದದ್ದು ಅರ್ಧ ಗುಂಟೆಗೂ ಕಡಿಮೆ ಜಾಗಕ್ಕೆ. ಅವರು ನಕ್ಷೆ ಬಿಡಿಸಿ, ಗಡಿ ಗುರುತಿಗೆ ನೆಟ್ಟಿದ್ದ ಬಾಂದು ಕಲ್ಲುಗಳಲ್ಲಿ ಮೂರು ಮೂಲೆಯವನ್ನು ಹುಡುಕಿಕೊಂಡರು. ನಾಲ್ಕನೆಯದು ಮರದ ಹತ್ತಿರ ಇರಬೇಕಿತ್ತು. ಇರಲಿಲ್ಲ.

ಇಂಥ ಅವಕಾಶ ಮತ್ತೆ ಸಿಗುತ್ತಾ? ಊರವರ ಮುಂದೆ ಕೂಗಿಬಿಟ್ಟೆ. "ಕಲ್ಲು ಕಿತ್ತಿರೋದು ನೀವೇ ಚಿಕ್ಕಪ್ಪ! ದಾಖಲೆ ತಿದ್ದೋಕಾಗ್ಲಿಲ್ಲ ಅಂತ ಕಲ್ಲನ್ನೇ ಮಾಯ ಮಾಡಿದ್ರಿ."

ಚಿಕ್ಕಪ್ಪ ಮಾತಾಡಲಿಲ್ಲ. ಬೀಡಿ ಆರಿಸಿ ಕಿವಿಗೆ ಸಿಕ್ಕಿಸಿಕೊಂಡು, "ಬಾ" ಅಂತ ನಡೆದರು. ನಾನು, ಸರ್ವೆಯವರು, ಊರವರು ಎಲ್ಲಾ ಹಿಂದೆ. ಅವರು ಹೋಗಿ ನಿಂತದ್ದು ನಮ್ಮ ಮನೆ ಹಿತ್ತಿಲಲ್ಲಿ. ಅಮ್ಮ ನನ್ನ ಪ್ಯಾಂಟಿಗೆ ಸೋಪು ಹಚ್ಚಿ, ಬಟ್ಟೆ ಒಗೆಯುವ ಕಲ್ಲಿನ ಮೇಲೆ ಕುಕ್ಕುತ್ತಿದ್ದಳು.

ಸರ್ವೆಯವರು ನೊರೆ ಸರಿಸಿ ಕೈಯಾಡಿಸಿದರು. ಪ್ಯಾಂಟುಗಳ ಏಟಿಗೆ ಅರ್ಧ ಸವೆದಿತ್ತು, ಆದರೂ ಕಲ್ಲಿನ ತಲೆಯ ಮೇಲೆ ಕೊರೆದ ಗುರುತು ಕಾಣುತ್ತಿತ್ತು.

"ಇದನ್ನ ಯಾರಮ್ಮ ತಂದಿದ್ದು?"

"ಇವರಪ್ಪ. ಬಚ್ಚಲು ಕಟ್ಟಿಸಿದಾಗ. ಹೊಲದಲ್ಲಿ ಸುಮ್ನೆ ನಿಂತಿತ್ತಂತೆ." ಅಮ್ಮ ತಲೆ ಎತ್ತಲಿಲ್ಲ.

ಊರವರು ಆಕಾಶ ನೋಡಿದರು. ಬಾಂದು ಕಲ್ಲು ಕೀಳೋದು ತಪ್ಪು, ದಂಡ ಇದೆ ಅಂತ ಸರ್ವೆಯವರು ಮೆಲ್ಲಗೆ ಅಂದರು. ಯಾರ ಮೇಲೆ ಹಾಕ್ತೀರಿ ಸಾರ್, ಬೇಕಾದ್ರೆ ಠಂಗಪ್ಪನ ಮೇಲೆ ಹಾಕಿ, ಅವನಿನ್ನೂ ಬದುಕಿದ್ದಾನೆ ಅಂದೆ. ಅಷ್ಟು ದಿನದಲ್ಲಿ ಚಿಕ್ಕಪ್ಪ ನಕ್ಕದ್ದು ಅದೇ ಮೊದಲು.

ಅಳತೆ ಮುಗಿಯಿತು. ಗೆರೆ ಸರಿಯಾಗಿ ಮರದ ಬುಡದ ಮೇಲೇ ಹಾದುಹೋಯಿತು. ಕಲ್ಲನ್ನು ವಾಪಸ್ ನೆಡಬೇಕು ಅಂತ ನಾನೂ ಚಿಕ್ಕಪ್ಪನೂ ಇಬ್ಬರೂ ಸೇರಿ ಎತ್ತಲು ಬಗ್ಗಿದೆವು. ಅಮ್ಮ ಪ್ಯಾಂಟು ಹಿಂಡಿ ಬಕೆಟ್ಟಿಗೆ ಹಾಕಿ ಹೇಳಿದಳು: "ತಗೊಂಡ್ಹೋಗಿ. ಸಂಜೆಯೊಳಗೆ ನಂಗೆ ಬೇರೆ ಕಲ್ಲು ತಂದುಹಾಕಿ. ಆ ಕೆರೆ ಏರಿ ಹತ್ರ ಒಂದು ಚೆನ್ನಾಗಿರೋದು ನಿಂತಿದೆ ನೋಡು."